ಸಂಬಳ ಕೊಟ್ಟಿದ್ದು ಯಾರು? ಇಸ್ರೇಲ್ ಪ್ರಧಾನಿ ಕಚೇರಿ ಮತ್ತು ಕತಾರ್ ಹಣದ ಪ್ರಕರಣ

2025ರ ಮಾರ್ಚ್ 31, ಸೋಮವಾರ. ಇಸ್ರೇಲ್ ಪ್ರಧಾನಿ ಬೆಂಜಮಿನ್ ನೆತನ್ಯಾಹು ಟೆಲ್ ಅವೀವ್‌ನ ಕೋರ್ಟಿನಲ್ಲಿದ್ದರು. ತಮ್ಮ ಮೇಲಿರುವ ಭ್ರಷ್ಟಾಚಾರದ ಕೇಸಿನಲ್ಲಿ ಹೇಳಿಕೆ ಕೊಡುವ ದಿನ ಅದು. ಆ ಕಲಾಪವನ್ನು ಅರ್ಧಕ್ಕೇ ನಿಲ್ಲಿಸಬೇಕಾಯಿತು. ಅವರು ಜೆರುಸಲೇಮ್‌ನ ತಮ್ಮ ಕಚೇರಿಗೆ ಹೋಗಿ, ಬೇರೆಯದೇ ಒಂದು ವಿಷಯದಲ್ಲಿ ಪೊಲೀಸರ ಪ್ರಶ್ನೆಗಳಿಗೆ ಉತ್ತರ ಕೊಟ್ಟರು. ಆರೋಪಿಯಾಗಿ ಅಲ್ಲ, ಸಾಕ್ಷಿಯಾಗಿ. ಅದೇ ದಿನ ಅವರ ಇಬ್ಬರು ಹತ್ತಿರದವರನ್ನು ಪೊಲೀಸರು ಬಂಧಿಸಿದ್ದರು. ಒಬ್ಬರು ವರ್ಷಗಳಿಂದ ಜೊತೆಗಿದ್ದ ಸಲಹೆಗಾರ ಯೊನಾತನ್ ಉರಿಚ್. ಇನ್ನೊಬ್ಬರು ಯುದ್ಧ ಶುರುವಾದ ಮೇಲೆ ಸೇರಿಕೊಂಡ ವಕ್ತಾರ ಎಲಿ ಫೆಲ್ಡ್‌ಸ್ಟೈನ್.

ಅವರ ಮೇಲಿನ ಅನುಮಾನ ಸಣ್ಣದಲ್ಲ. ದೇಶ ಯುದ್ಧದಲ್ಲಿರುವಾಗ, ಪ್ರಧಾನಿಯ ಪಕ್ಕದಲ್ಲೇ ಕೆಲಸ ಮಾಡುತ್ತಾ, ಕತಾರ್ ದೇಶದ ಹೆಸರು ಚೆನ್ನಾಗಿ ಕಾಣುವಂತೆ ಸುದ್ದಿ ಹಬ್ಬಿಸಿದರು, ಅದಕ್ಕೆ ಹಣ ಬಂತು ಅನ್ನುವುದು. ವಿದೇಶಿ ಏಜೆಂಟ್ ಜೊತೆ ಸಂಪರ್ಕ, ಲಂಚ, ವಂಚನೆ, ವಿಶ್ವಾಸದ್ರೋಹ, ಹಣ ಅಕ್ರಮ ವರ್ಗಾವಣೆ, ಹೀಗೆ ಪೊಲೀಸರು ಪಟ್ಟಿಯನ್ನೇ ಕೊಟ್ಟರು. ಇಬ್ಬರೂ ತಪ್ಪು ಮಾಡಿಲ್ಲ ಎನ್ನುತ್ತಾರೆ. ಇದು ತನ್ನ ಹೆಸರು ಕೆಡಿಸುವ ಅಪಪ್ರಚಾರ ಅಂತ ಕತಾರ್ ಹೇಳಿತು. ಇದು ರಾಜಕೀಯ ಬೇಟೆ ಅಂತ ನೆತನ್ಯಾಹು ಹೇಳಿದರು. ಆದ್ದರಿಂದ ಮುಂದೆ ಬರುವುದನ್ನೆಲ್ಲ ಆರೋಪ ಎಂದೇ ಓದಬೇಕು.

ಆದರೆ ಈ ಪ್ರಕರಣದಲ್ಲಿ ನನ್ನನ್ನು ಜಾಸ್ತಿ ಕಾಡುವುದು ಕೋರ್ಟಿನಲ್ಲಿ ಸಾಬೀತಾಗಬೇಕಾದ ಭಾಗ ಅಲ್ಲ. ಯಾರೂ ಗಟ್ಟಿಯಾಗಿ ಅಲ್ಲಗಳೆಯದ ಒಂದು ಸಾಮಾನ್ಯ ಸಂಗತಿ. ಪ್ರಧಾನಿಯ ವಕ್ತಾರನಾಗಿ ದಿನವೂ ಕೆಲಸ ಮಾಡಿದ ಒಬ್ಬ ಮನುಷ್ಯನಿಗೆ ಪ್ರಧಾನಿ ಕಚೇರಿ ಸಂಬಳ ಕೊಡುತ್ತಿರಲಿಲ್ಲ.

ಕುರ್ಚಿ ಇಲ್ಲದ ಕೆಲಸ

ಫೆಲ್ಡ್‌ಸ್ಟೈನ್ ಮೊದಲು ಸೇನೆಯ ವಕ್ತಾರರ ವಿಭಾಗದಲ್ಲಿದ್ದವರು. ಆಮೇಲೆ ಸಚಿವ ಇತಮಾರ್ ಬೆನ್ ಗ್ವಿರ್ ಹತ್ತಿರ ಸ್ವಲ್ಪ ಕಾಲ ಕೆಲಸ ಮಾಡಿದರು. 2023ರ ಅಕ್ಟೋಬರ್ 7ರಂದು ಹಮಾಸ್ ದಾಳಿ ಮಾಡಿತು. ಸುಮಾರು 1,200 ಜನ ಸತ್ತರು, 251 ಜನರನ್ನು ಗಾಜಾಕ್ಕೆ ಎಳೆದೊಯ್ದರು. ಯುದ್ಧ ಶುರುವಾಯಿತು. ಸೇನೆಯ ವಿಷಯ ಬರೆಯುವ ವರದಿಗಾರರ ಜೊತೆ ಮಾತಾಡಲು ಪ್ರಧಾನಿಗೆ ಒಬ್ಬರು ಬೇಕಾಗಿದ್ದರು. ಆ ಜಾಗಕ್ಕೆ ಬಂದವರು ಫೆಲ್ಡ್‌ಸ್ಟೈನ್.

ಇಂಥ ಕೆಲಸಕ್ಕೆ ಒಳಗಿನ ಗುಪ್ತಚರ ಸಂಸ್ಥೆ ಶಿನ್ ಬೆತ್‌ನ ಭದ್ರತಾ ತಪಾಸಣೆ ಪಾಸಾಗಬೇಕು. ಅವರು ಆಗಲಿಲ್ಲ. ಪಾಸಾಗದಿದ್ದರೆ ನೇಮಕ ಇಲ್ಲ, ನೇಮಕ ಇಲ್ಲದಿದ್ದರೆ ಸಂಬಳ ಇಲ್ಲ. ನಿಯಮದ ಪ್ರಕಾರ ಕಥೆ ಅಲ್ಲಿಗೇ ಮುಗಿಯಬೇಕಿತ್ತು. ಮುಗಿಯಲಿಲ್ಲ. ವರದಿಗಾರರಿಗೆ ಫೋನ್ ಹೋಗುತ್ತಲೇ ಇತ್ತು. ಪ್ರಧಾನಿ ಭೇಟಿ ಕೊಟ್ಟ ಕಡೆ ತೆಗೆದ ಫೋಟೋಗಳಲ್ಲಿ ಅವರ ಮುಖ ಇತ್ತು.

2024ರ ಕೊನೆಯಲ್ಲಿ ಅವರು ಇನ್ನೊಂದು ಕೇಸಿನಲ್ಲಿ ಮೊದಲ ಸಲ ಬಂಧನವಾದಾಗ ಪ್ರಧಾನಿ ಕಚೇರಿ ಏನು ಹೇಳಿತು ಗೊತ್ತಾ? ನಮ್ಮ ಕಚೇರಿಯ ಯಾರನ್ನೂ ವಿಚಾರಣೆ ಮಾಡಿಲ್ಲ, ಯಾರನ್ನೂ ಬಂಧಿಸಿಲ್ಲ ಅಂತ. ಕಾಗದದ ಮೇಲೆ ಅದು ಸರಿ. ಹಾಜರಿ ಪುಸ್ತಕದಲ್ಲಿ ಹೆಸರೇ ಇಲ್ಲದವನನ್ನು ನಮ್ಮವನು ಅನ್ನುವುದು ಹೇಗೆ? ಆದರೆ ಆ ಮನುಷ್ಯ ಕಳಿಸಿದ ಸುದ್ದಿಯನ್ನು ವರದಿಗಾರರು ಯಾರ ಸುದ್ದಿ ಅಂತ ತೆಗೆದುಕೊಂಡಿದ್ದರು? ಪ್ರಧಾನಿಯ ಸುದ್ದಿ ಅಂತಲೇ ಅಲ್ವಾ?

ಆ ಮೊದಲ ಕೇಸಿನ ಬಗ್ಗೆ ಎರಡು ಮಾತು. 2024ರ ಆಗಸ್ಟ್ ಕೊನೆಯಲ್ಲಿ ಗಾಜಾದ ರಫಾ ಊರಿನ ಒಂದು ಸುರಂಗದಲ್ಲಿ ಆರು ಒತ್ತೆಯಾಳುಗಳ ಶವ ಸಿಕ್ಕಿತು. ಅವರನ್ನು ಕೊಂದು ಹೆಚ್ಚು ದಿನ ಆಗಿರಲಿಲ್ಲ. ಒಪ್ಪಂದ ಮಾಡಿಕೊಳ್ಳಿ, ಉಳಿದವರನ್ನಾದರೂ ಕರೆತನ್ನಿ ಅಂತ ಲಕ್ಷಾಂತರ ಜನ ಬೀದಿಗೆ ಬಂದರು. ಸೆಪ್ಟೆಂಬರ್ 6ರಂದು ಜರ್ಮನಿಯ ಬಿಲ್ಡ್ ಪತ್ರಿಕೆಯಲ್ಲಿ ಒಂದು ವರದಿ ಬಂತು. ಹಮಾಸ್‌ನದು ಎನ್ನಲಾದ ಒಂದು ಗುಪ್ತ ದಾಖಲೆ ಅದಕ್ಕೆ ಆಧಾರ. ಹಮಾಸ್ ಮಾತುಕತೆಯನ್ನು ಎಳೆದಾಡಿ ಇಸ್ರೇಲ್ ಜನರ ಮನಸ್ಸಿನ ಜೊತೆ ಆಟ ಆಡುತ್ತಿದೆ ಅನ್ನುವ ಅರ್ಥ ಅದರಿಂದ ಬರುತ್ತಿತ್ತು. ಎರಡೇ ದಿನದಲ್ಲಿ ನೆತನ್ಯಾಹು ಸಂಪುಟ ಸಭೆಯಲ್ಲಿ ಆ ವರದಿಯನ್ನು ಎತ್ತಿ ಹೇಳಿದರು. ಆ ದಾಖಲೆಯನ್ನು ಹೊರಗೆ ಬಿಟ್ಟವರು ಫೆಲ್ಡ್‌ಸ್ಟೈನ್ ಅನ್ನುವುದು ಆರೋಪ. ಇಸ್ರೇಲ್‌ನ ಸೇನಾ ಸೆನ್ಸಾರ್ ಅದನ್ನು ದೇಶದೊಳಗೆ ಪ್ರಕಟಿಸಲು ಬಿಟ್ಟಿರಲಿಲ್ಲ. ಹಾಗಾಗಿ ಅದು ಹೊರದೇಶದ ಪತ್ರಿಕೆಗೆ ಹೋಯಿತು. 2024ರ ನವೆಂಬರ್‌ನಲ್ಲಿ ಅವರ ಮೇಲೆ ದೋಷಾರೋಪ ಪಟ್ಟಿ ಸಲ್ಲಿಕೆಯಾಯಿತು. ಇದೇ ದಾಖಲೆ ವಿಷಯದಲ್ಲಿ ಉರಿಚ್ ಮೇಲೂ ಕೇಸು ಹಾಕುವ ಉದ್ದೇಶವಿದೆ, ಅದಕ್ಕೆ ಮೊದಲು ಅವರ ವಾದ ಕೇಳುತ್ತೇವೆ ಎಂದು ಅಟಾರ್ನಿ ಜನರಲ್ 2025ರ ಜುಲೈನಲ್ಲಿ ಹೇಳಿದರು.

ಕತಾರ್ ಹಣದ ವಿಷಯ ಹೊರಬಂದಿದ್ದು ಇದಾದ ಮೇಲೆ.

ಹಣ ಬಂದ ದಾರಿ

2024ರ ನವೆಂಬರ್‌ನಲ್ಲಿ ಹಾರೆಟ್ಜ್ ಪತ್ರಿಕೆ ಒಂದು ವರದಿ ಮಾಡಿತು. ಉರಿಚ್ ಮತ್ತು ಅವರ ಜೊತೆಗಾರ ಸ್ರುಲಿಕ್ ಐನ್‌ಹಾರ್ನ್ ಅವರ ಪರ್ಸೆಪ್ಷನ್ ಅನ್ನುವ ಕಂಪನಿ 2022ರ ಫುಟ್‌ಬಾಲ್ ವಿಶ್ವಕಪ್‌ಗೆ ಮುಂಚೆ ಕತಾರ್‌ನ ಹೆಸರು ಬೆಳಗಿಸುವ ಪ್ರಚಾರದಲ್ಲಿ ಕೆಲಸ ಮಾಡಿತ್ತು ಅಂತ. ಅವರು ಅಲ್ಲಗಳೆದರು. 2025ರ ಫೆಬ್ರವರಿಯಲ್ಲಿ ಚಾನೆಲ್ 12 ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಫೆಲ್ಡ್‌ಸ್ಟೈನ್ ಪ್ರಧಾನಿಯ ಕೆಲಸದಲ್ಲಿದ್ದಾಗಲೇ ಕತಾರ್ ಪರ ಕೆಲಸ ಮಾಡುವ ವಿದೇಶಿ ಕಂಪನಿಯೊಂದಕ್ಕೂ ದುಡಿದರು ಅಂತ ಹೇಳಿತು. ಆ ತಿಂಗಳ ಕೊನೆಗೆ ಅಟಾರ್ನಿ ಜನರಲ್ ಗಾಲಿ ಬಹಾರವ್ ಮಿಯಾರಾ ತನಿಖೆಗೆ ಆದೇಶ ಕೊಟ್ಟರು. ಪೊಲೀಸರು ಮತ್ತು ಶಿನ್ ಬೆತ್ ಇಬ್ಬರೂ ಸೇರಿ ತನಿಖೆ.

ಮಾರ್ಚ್‌ನಲ್ಲಿ ಸಾರ್ವಜನಿಕ ವಾಹಿನಿ ಕಾನ್ ಒಂದು ಧ್ವನಿಮುದ್ರಣ ಪ್ರಸಾರ ಮಾಡಿತು. ಗಲ್ಫ್ ದೇಶಗಳಲ್ಲಿ ವ್ಯವಹಾರ ಇರುವ ಒಬ್ಬ ಇಸ್ರೇಲಿ ಉದ್ಯಮಿಯ ದನಿ ಅದರಲ್ಲಿತ್ತು. ಅವರು ಹೇಳಿದ್ದರ ಸಾರ ಇಷ್ಟು: ಫೆಲ್ಡ್‌ಸ್ಟೈನ್‌ಗೆ ಹಣ ಕೊಟ್ಟಿದ್ದು ನನ್ನ ಖಾತೆಯಿಂದ, ಆದರೆ ಅದು ನನ್ನ ಹಣ ಅಲ್ಲ. ಅಮೆರಿಕದ ಜೇ ಫುಟ್ಲಿಕ್ ಕೇಳಿಕೊಂಡಿದ್ದಕ್ಕೆ ನಾನು ದಾಟಿಸಿದೆ. ತೆರಿಗೆಯ ಅನುಕೂಲಕ್ಕೆ ಹೀಗೆ ಮಾಡಿದ್ದು. ಫುಟ್ಲಿಕ್ ಯಾರು? ಹಿಂದೆ ಅಮೆರಿಕದಲ್ಲಿ ಕ್ಲಿಂಟನ್ ಆಡಳಿತದಲ್ಲಿದ್ದವರು, ಆಮೇಲೆ ಕತಾರ್ ಪರ ಲಾಬಿಗಾರರಾದವರು, ಅಂದರೆ ದುಡ್ಡು ಪಡೆದು ಆ ದೇಶದ ಪರ ಪ್ರಭಾವ ಬೀರುವವರು.

ಈ ದಾರಿಯನ್ನು ಸ್ವಲ್ಪ ನಿಧಾನವಾಗಿ ನೋಡಿ. ಕತಾರ್‌ಗೆ ಕೆಲಸ ಮಾಡುವ ಅಮೆರಿಕದ ಲಾಬಿಗಾರ. ಅವರಿಂದ ಒಬ್ಬ ಇಸ್ರೇಲಿ ಉದ್ಯಮಿ. ಅವರಿಂದ ಪ್ರಧಾನಿಯ ವಕ್ತಾರ. ಕೊನೆಯ ಕೈಗೆ ಹಣ ಸೇರುವಾಗ ಅದು ಒಬ್ಬ ಇಸ್ರೇಲಿ ಇನ್ನೊಬ್ಬ ಇಸ್ರೇಲಿಗೆ ಕೊಟ್ಟ ಸಾಮಾನ್ಯ ಪಾವತಿ. ಬ್ಯಾಂಕಿನ ಪುಸ್ತಕದಲ್ಲಿ ಕತಾರ್ ಅನ್ನುವ ಹೆಸರು ಎಲ್ಲೂ ಕಾಣುವುದಿಲ್ಲ. ಇಂಥ ಪ್ರಕರಣಗಳಲ್ಲಿ ಹೆಚ್ಚಾಗಿ ಹೀಗೇ. ಕೊಡುವ ದೇಶ ಮತ್ತು ತೆಗೆದುಕೊಳ್ಳುವ ಕೈ ನಡುವೆ ಒಂದೆರಡು ಕಂಪನಿ ಇರುತ್ತವೆ.

ಫೆಲ್ಡ್‌ಸ್ಟೈನ್ ಪರ ವಕೀಲರ ಉತ್ತರವೂ ಇದೆ, ಮತ್ತು ನನಗೆ ಇಡೀ ಪ್ರಕರಣದಲ್ಲಿ ಇದೇ ಮುಖ್ಯ ಅನ್ನಿಸುತ್ತದೆ. ಆ ಹಣ ಕತಾರ್‌ಗಾಗಿ ಮಾಡಿದ ಕೆಲಸಕ್ಕಲ್ಲ, ಪ್ರಧಾನಿ ಕಚೇರಿಗೆ ಮಾಡಿದ ಕೆಲಸಕ್ಕೆ ಬಂದದ್ದು ಅಂತ ಅವರು ಹೇಳಿದರು. ನಂಬೋಣ. ಅದನ್ನು ಪೂರ್ತಿಯಾಗಿ ನಂಬಿದರೆ ಏನಾಗುತ್ತದೆ? ಇಸ್ರೇಲ್ ಪ್ರಧಾನಿಯ ವಕ್ತಾರನ ಸಂಬಳವನ್ನು ಕತಾರ್‌ನ ಲಾಬಿಗಾರ ಕೊಡಿಸುತ್ತಿದ್ದ ಅಂತ ಆಗುತ್ತದೆ. ಆರೋಪ ನಿಜವಾದರೆ ಒಬ್ಬ ಮನುಷ್ಯ ತಪ್ಪು ಮಾಡಿದ. ಸಮರ್ಥನೆ ನಿಜವಾದರೆ ಒಂದು ಕಚೇರಿಯೇ ಇನ್ನೊಂದು ದೇಶದ ಉಪ್ಪು ತಿಂದಂತಾಯಿತು. ನನಗೆ ಎರಡನೆಯದೇ ಜಾಸ್ತಿ ಭಯದ ಮಾತು.

ಮಾರಿದ್ದು ಏನನ್ನು?

ಹೊರದೇಶದ ಹಣ ಅಂದ ಕೂಡಲೇ ನಾವು ಗುಟ್ಟು ಮಾರಿದರು ಅಂದುಕೊಳ್ಳುತ್ತೇವೆ. ಕತಾರ್ ವಿಷಯದಲ್ಲಿ ಕೋರ್ಟಿನ ಮುಂದೆ ಬಂದ ಅನುಮಾನ ಬೇರೆ ಥರದ್ದು. ರಿಶೋನ್ ಲೆಝಿಯೋನ್ ಕೋರ್ಟಿನ ನ್ಯಾಯಾಧೀಶ ಮೆನಾಖೆಮ್ ಮಿಜ್ರಾಹಿ ಅದನ್ನು ಬಹಿರಂಗವಾಗಿ ಹೇಳಿದರು. ಉರಿಚ್ ಮೂಲಕ ಫುಟ್ಲಿಕ್ ಮತ್ತು ಫೆಲ್ಡ್‌ಸ್ಟೈನ್ ನಡುವೆ ವ್ಯವಹಾರ ಬೆಳೆಯಿತು. ಕತಾರ್ ಬಗ್ಗೆ ಒಳ್ಳೆಯ ಮಾತು, ಕತಾರ್ ಥರವೇ ಇಸ್ರೇಲ್ ಮತ್ತು ಹಮಾಸ್ ನಡುವೆ ಮಧ್ಯಸ್ಥಿಕೆ ಮಾಡುತ್ತಿದ್ದ ಈಜಿಪ್ಟ್ ಬಗ್ಗೆ ಕೆಟ್ಟ ಮಾತು, ಇವನ್ನು ಪತ್ರಕರ್ತರಿಗೆ ತಲುಪಿಸಲಾಯಿತು. ಅದೂ ಇಸ್ರೇಲ್‌ನ ರಾಜಕೀಯ ಅಥವಾ ಭದ್ರತೆಯ ದೊಡ್ಡವರೇ ಹೇಳಿದಂತೆ. ಇದು ಅನುಮಾನದ ತಿರುಳು.

ಇದು ಹೇಗೆ ಕೆಲಸ ಮಾಡುತ್ತದೆ ಅಂತ ಒಂದು ಚಿಕ್ಕ ಚಿತ್ರ ಕಣ್ಣ ಮುಂದೆ ತಂದುಕೊಳ್ಳಿ. ಸಂಜೆ ಸುದ್ದಿಗೆ ಇನ್ನು ಅರ್ಧ ಗಂಟೆ. ವರದಿಗಾರನ ಫೋನಿಗೆ ಮೆಸೇಜ್ ಬರುತ್ತದೆ. ಎರಡೇ ಸಾಲು. ಮಾತುಕತೆಯಲ್ಲಿ ಈಜಿಪ್ಟ್ ಅಡ್ಡಗಾಲು ಹಾಕುತ್ತಿದೆ, ಕತಾರ್ ಶ್ರಮಪಡುತ್ತಿದೆ. ಹೆಸರು ಹಾಕಬೇಡಿ, "ಹಿರಿಯ ರಾಜಕೀಯ ಮೂಲ" ಅಂತ ಬರೆಯಿರಿ. ಕಳಿಸಿದ ನಂಬರ್ ಪ್ರಧಾನಿಯ ವಕ್ತಾರನದು. ಇಸ್ರೇಲ್‌ನಲ್ಲಿ ಸುದ್ದಿ ಓದುವ ಎಲ್ಲರಿಗೂ ಗೊತ್ತು, "ಹಿರಿಯ ರಾಜಕೀಯ ಮೂಲ" ಅಂದರೆ ಬಹಳ ಸಲ ಪ್ರಧಾನಿ, ಇಲ್ಲವೇ ಅವರ ಕಚೇರಿ. ವರದಿಗಾರ ಇನ್ನೇನು ಅನುಮಾನ ಪಡುತ್ತಾನೆ? ಎಂಟು ಗಂಟೆ ಸುದ್ದಿಯಲ್ಲಿ ಆ ಎರಡು ಸಾಲು ಹೋಗುತ್ತದೆ. ಇಡೀ ದೇಶ ಕೇಳುತ್ತದೆ.

ಇಲ್ಲಿ ಯಾವ ಗುಟ್ಟೂ ಹೊರಗೆ ಹೋಗಲಿಲ್ಲ. ಆರೋಪ ನಿಜವಾದರೆ ಹೋಗಿದ್ದು ಆ ಮೂರು ಪದ. "ಹಿರಿಯ ರಾಜಕೀಯ ಮೂಲ." ಜನ ತಮ್ಮ ಸರ್ಕಾರದ ದನಿ ಅಂದುಕೊಂಡು ಕೇಳಿದ್ದು ಇನ್ನೊಂದು ದೇಶ ದುಡ್ಡು ಕೊಟ್ಟು ಬರೆಸಿದ ಮಾತಾಗಿತ್ತು.

ಕತಾರ್‌ಗೆ ಇದೆಲ್ಲ ಏಕೆ ಬೇಕಿತ್ತು ಅನ್ನುವ ಪ್ರಶ್ನೆ ಬರುತ್ತದೆ. ಹಮಾಸ್‌ನ ರಾಜಕೀಯ ಕಚೇರಿ 2012ರಿಂದ ಕತಾರ್ ರಾಜಧಾನಿ ದೋಹಾದಲ್ಲಿದೆ. ಅದೇ ಕತಾರ್‌ನ ಅಲ್ ಉದೈದ್‌ನಲ್ಲಿ ಅಮೆರಿಕದ ದೊಡ್ಡ ವಾಯುನೆಲೆಯೂ ಇದೆ. ಎರಡೂ ಕಡೆಯವರಿಗೆ ಬೇಕಾದ ದೇಶವಾಗಿರುವುದೇ ಅದರ ಬಲ. ಅಕ್ಟೋಬರ್ 7ರ ನಂತರ ಇಸ್ರೇಲ್‌ನಲ್ಲಿ ಕತಾರ್ ಮೇಲೆ ಸಿಟ್ಟು ಏರಿತ್ತು. ಮಧ್ಯಸ್ಥಿಕೆಯಲ್ಲಿ ಪಕ್ಕದಲ್ಲಿದ್ದ ಈಜಿಪ್ಟ್‌ಗೆ ಗಾಜಾ ಜೊತೆ ಗಡಿಯೇ ಇದೆ. ಮಾತುಕತೆ ನಡೆಸಿಕೊಡುವ ದೇಶಕ್ಕೆ ತಾನಿಲ್ಲದೆ ಕೆಲಸ ಆಗುವುದಿಲ್ಲ ಅನ್ನುವ ಹೆಸರೇ ಬಂಡವಾಳ.

ಹಿಂದಿನದೂ ಇದೆ. 2018ರ ನವೆಂಬರ್‌ನಲ್ಲಿ ಕತಾರ್‌ನ ಪ್ರತಿನಿಧಿ ಸೂಟ್‌ಕೇಸ್‌ಗಳಲ್ಲಿ 1.5 ಕೋಟಿ ಡಾಲರ್ ನಗದು ತುಂಬಿಕೊಂಡು ಗಾಜಾಕ್ಕೆ ಹೋದರು. ಇಸ್ರೇಲ್ ಸರ್ಕಾರ ಒಪ್ಪಿತ್ತು. ನೆತನ್ಯಾಹು ಆಗಲೂ ಪ್ರಧಾನಿ. ಹಮಾಸ್ ಆಡಳಿತದ ನೌಕರರಿಗೆ ತಿಂಗಳುಗಟ್ಟಲೆ ಸಂಬಳ ಆಗಿರಲಿಲ್ಲ. ಗಾಜಾದ ಅಂಚೆ ಕಚೇರಿಗಳ ಮುಂದೆ ಸಾಲು ನಿಂತು, ಗುರುತಿನ ಚೀಟಿ ತೋರಿಸಿ, ಅವರು ನೂರು ಡಾಲರಿನ ನೋಟುಗಳನ್ನು ಎಣಿಸಿಕೊಂಡು ಹೋದರು. ಗಾಜಾ ಶಾಂತವಾಗಿರಲಿ, ಜನ ಹಸಿವಿನಿಂದ ಸಾಯಬಾರದು ಅನ್ನುವುದು ಆಗಿನ ಲೆಕ್ಕ. ಆ ಲೆಕ್ಕ ತಪ್ಪೋ ಸರಿಯೋ ಅಂತ ಇಸ್ರೇಲ್‌ನಲ್ಲಿ ಇಂದಿಗೂ ಜಗಳ ಇದೆ. ಆದರೆ ಅದು ಬಹಿರಂಗವಾಗಿ ನಡೆಯಿತು. ಹಣ ಯಾರದು, ಯಾರಿಗೆ, ಯಾಕೆ ಅನ್ನುವುದು ಎಲ್ಲರಿಗೂ ಗೊತ್ತಿತ್ತು. ಹಾಗಾಗಿ ಜನ ಅದನ್ನು ವಿರೋಧಿಸಲೂ ಸಾಧ್ಯವಾಯಿತು.

ತನಿಖೆ ಮಾಡುವವರನ್ನೇ ತೆಗೆದಾಗ

ಫೆಬ್ರವರಿ ಕೊನೆಗೆ ತನಿಖೆ ಶುರು. ಮಾರ್ಚ್ 16ರಂದು ಶಿನ್ ಬೆತ್ ಮುಖ್ಯಸ್ಥ ರೋನೆನ್ ಬಾರ್ ಅವರನ್ನು ತೆಗೆಯುವುದಾಗಿ ನೆತನ್ಯಾಹು ಘೋಷಿಸಿದರು. ಕೆಲವೇ ದಿನದಲ್ಲಿ ಸಂಪುಟ ಒಮ್ಮತದಿಂದ ಒಪ್ಪಿತು. ಬಾರ್ ಮೇಲೆ ವಿಶ್ವಾಸ ಹೋಗಿದೆ ಅನ್ನುವುದು ಪ್ರಧಾನಿ ಕೊಟ್ಟ ಕಾರಣ. ಅಕ್ಟೋಬರ್ 7ರ ದಾಳಿಯನ್ನು ಶಿನ್ ಬೆತ್ ಮುಂಚೆ ಗುರುತಿಸಲಿಲ್ಲ ಅನ್ನುವುದು ನಿಜ. ಬಾರ್ ಕೂಡ ಆ ತಪ್ಪನ್ನು ಒಪ್ಪಿಕೊಂಡಿದ್ದರು. ಅಂಥ ವೈಫಲ್ಯ ಆದಮೇಲೆ ಮುಖ್ಯಸ್ಥನನ್ನು ಬದಲಿಸುವ ಹಕ್ಕು ಸರ್ಕಾರಕ್ಕೆ ಇಲ್ಲ ಅಂತ ನಾನು ಹೇಳುವುದಿಲ್ಲ. ತನ್ನನ್ನು ತೆಗೆಯುವುದನ್ನು ತಡೆಯಲೆಂದೇ ಬಾರ್ ಈ ತನಿಖೆ ಶುರು ಮಾಡಿದರು ಅಂತಲೂ ಪ್ರಧಾನಿ ಕಡೆಯವರು ವಾದಿಸಿದರು.

ಇಸ್ರೇಲ್‌ನ ಸುಪ್ರೀಂ ಕೋರ್ಟ್ ಮೇ 21ರಂದು ತೀರ್ಪು ಕೊಟ್ಟಿತು. ತೆಗೆದ ರೀತಿ ಕಾನೂನಿಗೆ ವಿರುದ್ಧ, ಯಾಕೆಂದರೆ ತಮ್ಮ ಹತ್ತಿರದವರ ಮೇಲೆ ಆ ಸಂಸ್ಥೆ ತನಿಖೆ ಮಾಡುತ್ತಿರುವಾಗ ಈ ನಿರ್ಧಾರದಲ್ಲಿ ಪ್ರಧಾನಿಗೆ ಹಿತಾಸಕ್ತಿಯ ಸಂಘರ್ಷ ಇತ್ತು ಅಂತ. ಮೂವರಲ್ಲಿ ಒಬ್ಬ ನ್ಯಾಯಮೂರ್ತಿ ಒಪ್ಪಲಿಲ್ಲ. ಅಷ್ಟರಲ್ಲಿ ಬಾರ್ ತಾವೇ ಜೂನ್ 15ಕ್ಕೆ ಹೋಗುವುದಾಗಿ ಹೇಳಿಯಾಗಿತ್ತು. ತೀರ್ಪು ಬಂದ ಮರುದಿನವೇ ನೆತನ್ಯಾಹು ಡೇವಿಡ್ ಜಿನಿ ಅವರ ಹೆಸರು ಘೋಷಿಸಿದರು. ಅಕ್ಟೋಬರ್‌ನಲ್ಲಿ ಜಿನಿ ಆ ಜಾಗಕ್ಕೆ ಬಂದರು. ಕೋರ್ಟಿನ ಮಾತು ದಾಖಲೆಯಲ್ಲಿ ಉಳಿಯಿತು, ಜಾಗದಲ್ಲಿ ಕೂತವರು ಮಾತ್ರ ಬದಲಾದರು.

ತನಿಖೆಯಲ್ಲಿ ನನಗೆ ಸರಿ ಕಾಣದ ಒಂದು ಭಾಗವನ್ನೂ ಹೇಳಬೇಕು. ಮಾರ್ಚ್ ಕೊನೆ, ಏಪ್ರಿಲ್ ಮೊದಲ ದಿನಗಳಲ್ಲಿ ಇಸ್ರೇಲ್‌ನ ಒಂದು ಇಂಗ್ಲಿಷ್ ದಿನಪತ್ರಿಕೆಯ ಸಂಪಾದಕರನ್ನು ಪೊಲೀಸರು ಗಂಟೆಗಟ್ಟಲೆ ಪ್ರಶ್ನಿಸಿ, ಮನೆಯಿಂದ ಹೊರಗೆ ಹೋಗದಂತೆ ಮಾಡಿದರು. ಅವರು ಹಿಂದಿನ ವರ್ಷ ದೋಹಾಕ್ಕೆ ಹೋಗಿ ಬಂದು, ಕಂಡಿದ್ದನ್ನು ತಮ್ಮ ಹೆಸರಿನಲ್ಲೇ ಬರೆದಿದ್ದರು. ಹೋಗಿ ನೋಡಿ ಬರೆಯುವುದು ಪತ್ರಕರ್ತನ ಕೆಲಸ. ಬರಹ ಹಿಡಿಸದಿದ್ದರೆ ಓದುಗ ಬೈಯಬಹುದು. ಮೆಸೇಜ್ ಪಡೆದವರನ್ನು, ಊರು ನೋಡಿ ಬಂದವರನ್ನು ಹಿಡಿದು ಕೂರಿಸಿದರೆ, ನಾಳೆ ಇಂಥ ವ್ಯವಹಾರವನ್ನು ಬಯಲಿಗೆ ತರುವವರು ಯಾರು? ಈ ಪ್ರಕರಣ ಬೆಳಕಿಗೆ ಬಂದದ್ದೇ ಪತ್ರಕರ್ತರಿಂದ.

ಬೇರೆಡೆ ನಡೆದಿದ್ದು

ಜನ ಇದನ್ನು ಕತಾರ್‌ಗೇಟ್ ಅನ್ನುತ್ತಾರೆ. ಆ ಹೆಸರು ಮೊದಲು ಬಂದದ್ದು ಬ್ರಸೆಲ್ಸ್‌ನಲ್ಲಿ. 2022ರ ಡಿಸೆಂಬರ್‌ನಲ್ಲಿ ಬೆಲ್ಜಿಯಂ ಪೊಲೀಸರು ಯುರೋಪಿಯನ್ ಪಾರ್ಲಿಮೆಂಟ್‌ಗೆ ಸಂಬಂಧಪಟ್ಟವರ ಮನೆಗಳಲ್ಲಿ ಸುಮಾರು 15 ಲಕ್ಷ ಯೂರೋ ನಗದು ಹಿಡಿದರು. ಅಲ್ಲೂ ಕತಾರ್ ಆರೋಪ ಅಲ್ಲಗಳೆಯಿತು.

ಇದಕ್ಕೆ ನಿಜವಾಗಿ ಹತ್ತಿರದ್ದು ಅಮೆರಿಕದ ಮೈಕೆಲ್ ಫ್ಲಿನ್ ಪ್ರಕರಣ. 2016ರಲ್ಲಿ ಅವರು ಡೊನಾಲ್ಡ್ ಟ್ರಂಪ್ ಚುನಾವಣಾ ತಂಡದ ಸಲಹೆಗಾರ. ಚುನಾವಣೆಯ ದಿನ, ನವೆಂಬರ್ 8ರಂದು, ಟರ್ಕಿಯನ್ನು ಬೆಂಬಲಿಸಬೇಕು ಅಂತ ಅವರ ಹೆಸರಿನಲ್ಲಿ ಒಂದು ಲೇಖನ ಬಂತು. ಓದಿದವರು ಒಬ್ಬ ನಿವೃತ್ತ ಜನರಲ್ ಮನಸ್ಸಿನ ಮಾತು ಅಂದುಕೊಂಡರು. ಆಮೇಲೆ ಗೊತ್ತಾಯಿತು, ಅವರ ಕಂಪನಿಗೆ ಒಬ್ಬ ಟರ್ಕಿ ಉದ್ಯಮಿಯ ನೆದರ್ಲೆಂಡ್ಸ್ ಕಂಪನಿಯಿಂದ 5,30,000 ಡಾಲರ್ ಬಂದಿತ್ತು. ಮತ್ತೆ ಅದೇ ದಾರಿ, ನಡುವೆ ಒಂದು ಕಂಪನಿ. ಫ್ಲಿನ್ ರಾಷ್ಟ್ರೀಯ ಭದ್ರತಾ ಸಲಹೆಗಾರರಾಗಿ, ರಷ್ಯಾ ರಾಯಭಾರಿ ಜೊತೆಗಿನ ಮಾತುಕತೆಯ ವಿಷಯದಲ್ಲಿ 2017ರ ಫೆಬ್ರವರಿಯಲ್ಲೇ ಹುದ್ದೆ ಬಿಟ್ಟರು. ಮಾರ್ಚ್‌ನಲ್ಲಿ ಅವರ ಕಂಪನಿ ತಡವಾಗಿ ವಿದೇಶಿ ಏಜೆಂಟ್ ನೋಂದಣಿ ಮಾಡಿಸಿತು. ಆ ಕೆಲಸದಿಂದ ಮುಖ್ಯವಾಗಿ ಟರ್ಕಿಗೆ ಅನುಕೂಲವಾಯಿತು ಅಂತ ಹೇಳಬಹುದು ಎಂದು ಆ ಅರ್ಜಿಯಲ್ಲೇ ಒಪ್ಪಿಕೊಂಡಿದ್ದರು. 1938ರಿಂದ ಅಮೆರಿಕದಲ್ಲಿ ಈ ನೋಂದಣಿಯ ಕಾನೂನು ಇದೆ. ಹೊರದೇಶಕ್ಕೆ ಕೆಲಸ ಮಾಡುವುದನ್ನು ಅದು ತಡೆಯುವುದಿಲ್ಲ. ಮಾಡುವವರು ಹೆಸರು ಬರೆಸಿ, ಎಷ್ಟು ದುಡ್ಡು, ಯಾರಿಂದ ಅಂತ ಹೇಳಬೇಕು, ಅಷ್ಟೇ. ಕಾನೂನು ಇದ್ದೂ ಅಲ್ಲಿ ನಿಜ ನಾಲ್ಕು ತಿಂಗಳು ತಡವಾಗಿ ಬಂತು. ಆದರೂ ಬಂತು.

ಒತ್ತೆಯಾಳು ಅನ್ನುವ ಪದ

ಮತ್ತೆ ಮಾರ್ಚ್ 31ಕ್ಕೆ ಬರುತ್ತೇನೆ. ಪೊಲೀಸರಿಗೆ ಹೇಳಿಕೆ ಕೊಟ್ಟ ಮೇಲೆ ನೆತನ್ಯಾಹು ಒಂದು ವಿಡಿಯೋ ಬಿಟ್ಟರು. ಉರಿಚ್ ಮತ್ತು ಫೆಲ್ಡ್‌ಸ್ಟೈನ್ ಅವರನ್ನು ಒತ್ತೆಯಾಳುಗಳಾಗಿ ಇಟ್ಟುಕೊಂಡಿದ್ದಾರೆ ಅಂದರು. ಆ ದಿನ ಗಾಜಾದಲ್ಲಿ 59 ಒತ್ತೆಯಾಳುಗಳಿದ್ದರು. ಅವರಲ್ಲಿ 24 ಜನ ಬದುಕಿದ್ದಾರೆ ಅಂತ ಸರ್ಕಾರ ನಂಬಿತ್ತು. ಎರಡು ವಾರದ ಹಿಂದಷ್ಟೇ ಕದನವಿರಾಮ ಮುರಿದು ಬಾಂಬ್ ದಾಳಿ ಮತ್ತೆ ಶುರುವಾಗಿತ್ತು. ಸಿಟ್ಟಿನಲ್ಲಿ ಬಾಯಿಗೆ ಬಂದ ಪದ ಅಂತ ಬಿಡಬಹುದಿತ್ತೇನೋ. ನನಗೆ ಬಿಡಲು ಆಗುವುದಿಲ್ಲ. ಆ ದೇಶದಲ್ಲಿ ಆ ಪದ ಆಗ ಯಾರದಾಗಿತ್ತು ಅನ್ನುವುದು ಪ್ರಧಾನಿಗೆ ಗೊತ್ತಿರಬೇಕಿತ್ತು.

ಯಾಕೆಂದರೆ "ಹಿರಿಯ ರಾಜಕೀಯ ಮೂಲ" ಹೇಳಿದ ಎರಡು ಸಾಲನ್ನು ಬೇರೆಯವರು ಸುಮ್ನೆ ಓದಿ ಮರೆಯುತ್ತಿದ್ದರು. ಒಂದೊಂದು ಪದವನ್ನೂ ಹಿಡಿದು ಓದುತ್ತಿದ್ದವರು ಆ ಒತ್ತೆಯಾಳುಗಳ ಅಪ್ಪ ಅಮ್ಮ, ಹೆಂಡತಿ, ಅಣ್ಣ ತಮ್ಮಂದಿರು. ಈಜಿಪ್ಟ್ ಅಡ್ಡಿ ಮಾಡುತ್ತಿದೆಯಾ? ಕತಾರ್ ಒತ್ತಡ ಹಾಕುತ್ತಿದೆಯಾ? ಈ ವಾರ ಆಗುತ್ತದಾ? ಅವರಿಗೆ ಬೇರೆ ದಾರಿ ಇರಲಿಲ್ಲ. ಮಗ ಬರುತ್ತಾನೋ ಇಲ್ಲವೋ ಅನ್ನುವುದನ್ನು ಆ ಸಾಲುಗಳಲ್ಲಿ ಹುಡುಕುತ್ತಿದ್ದರು.

2025ರ ಸೆಪ್ಟೆಂಬರ್ 9ರಂದು ಇಸ್ರೇಲ್ ದೋಹಾದ ಮೇಲೆಯೇ ದಾಳಿ ಮಾಡಿತು, ಹಮಾಸ್ ನಾಯಕರನ್ನು ಕೊಲ್ಲಲು. ಇಪ್ಪತ್ತು ದಿನ ಕಳೆದು ನೆತನ್ಯಾಹು ವೈಟ್ ಹೌಸ್‌ನಿಂದ ಕತಾರ್ ಪ್ರಧಾನಿಗೆ ಫೋನ್ ಮಾಡಿ ಕ್ಷಮೆ ಕೇಳಿದರು. ಆ ಫೋಟೋದಲ್ಲಿ ಟ್ರಂಪ್ ಫೋನನ್ನು ತೊಡೆಯ ಮೇಲೆ ಇಟ್ಟುಕೊಂಡಿದ್ದಾರೆ, ನೆತನ್ಯಾಹು ಕಾಗದ ನೋಡಿ ಓದುತ್ತಿದ್ದಾರೆ. ಅಕ್ಟೋಬರ್ 13ರಂದು, ಬದುಕಿದ್ದ ಕೊನೆಯ 20 ಒತ್ತೆಯಾಳುಗಳು ಗಾಜಾದಿಂದ ಹೊರಬಂದರು. ಆ ಒಪ್ಪಂದ ಕುದುರಿಸಿದವರಲ್ಲಿ ಕತಾರ್ ಇತ್ತು. ಈಜಿಪ್ಟೂ ಇತ್ತು.